ಟೆಕ್ನೀಶಿಯಂ ಮತ್ತು ಒಂದು ರೊಟ್ಟಿ

ಇಂದು ಟ್ರಂಕಿನಲ್ಲಿ ಅವ್ವನ ಥೈರಾಯ್ಡ್ ಸ್ಕ್ಯಾನಿನ ಹಳೆಯ ಫಿಲ್ಮು ಸಿಕ್ಕಿತು. ದೇವರ ದಯೆ, ಮಾಸಿಲ್ಲ.

ನಾನು ಚಿಕ್ಕವಳಿದ್ದಾಗ, ಹೈದರಾಬಾದಿನಲ್ಲಿ ಆ ಸ್ಕ್ಯಾನ್ ಮಾಡಿಸಿಕೊಂಡು ಅವ್ವ ಮಧ್ಯಾಹ್ನ ಭಾಲ್ಕಿಗೆ ಮರಳಿದಾಗ ಅವಳ ತೊಡೆಯೇರಲು ಓಡಿದೆ. ಸಾಲಿ ಮಾಸ್ತರರಾಗಿದ್ದ ಕಾಕಾ ತಡೆದರು.

"ನಾಳಿ ತನಕ ತೊಡಿ ಏರಬ್ಯಾಡವ್ವಾ. ಅಕಿಗಿ ಟೆಕ್ನೀಶಿಯಮ್ಮಿನ ಸೂಜಿ ಮಾಡ್ಯಾರ. ಮನಷ್ಯಾರು ತಯಾರ ಮಾಡಿದ ಧಾತು, ಕಿರಣ ಬಿಡ್ತದ. ಆರು ತಾಸಿಗಿ ಅರ್ಧ ಆಗ್ತದ, ಮತ್ತ ಆರು ತಾಸಿಗಿ ಅದರಾಗ ಅರ್ಧ."

ನಾನು ಬಿಸಿ ರೊಟ್ಟಿಯನ್ನು ಅರ್ಧ, ಅರ್ಧದಲ್ಲರ್ಧ ಮುರಿಯುತ್ತ ಕುಳಿತೆ. ಎಷ್ಟು ಮುರಿದರೂ ಚೂರು ಉಳಿಯಿತು.

"ಇದು ಎಂದೂ ಮುಗಿಯಂಗಿಲ್ಲ!" ಎಂದು ಅಳತೊಡಗಿದೆ.

ಅಜ್ಜಿ ಆ ಚೂರನ್ನೆತ್ತಿ ನನ್ನ ಬಾಯಿಗೆ ತುರುಕಿದಳು. "ಮುಗೀತ ನೋಡ, ಹುಚ್ಚಿ. ದೇವರು ಕೊಟ್ಟ ಅವ್ವ ಮುಂಜಾನಿ ಸಿಗ್ತಾಳ."

ಮುಂಜಾನೆ ಅವ್ವನ ತೊಡೆಯಿಂದ ನನ್ನನ್ನು ಇಳಿಸಲು ಮೂವರು ಬೇಕಾದರು.