ಒಲೆ ಬೇಡದ ಉಂಡೆಗಳು

ಬಾಟಲಿ ತಾನಾಗಿಯೇ ಬಿತ್ತು.

ಮಗಳು ಅದನ್ನು ಮುಟ್ಟಿಯೂ ಇರಲಿಲ್ಲ. ಕಪಾಟಿನ ಬಾಗಿಲು ತೆರೆದಿಟ್ಟು, ಬಿಸ್ಕತ್ತು ಪುಡಿ ಮಾಡಲು ಲಟ್ಟಣಿಗೆ ಹುಡುಕುತ್ತ ಬೆನ್ನು ತಿರುಗಿಸಿದ್ದಳು, ಅಷ್ಟೆ. ಹಿಂದೆ ಫಳಾರ್ ಎಂದು ಸದ್ದು. ಅಮ್ಮ ಹಿಟ್ಟಿನ ಡಬ್ಬದ ಹಿಂದೆ ಬಚ್ಚಿಡುತ್ತಿದ್ದ ರಮ್ ಬಾಟಲಿ ಚೂರುಚೂರಾಗಿ, ಕಂದು ನೀರು ಮೇಜಿನ ಕಾಲಿನವರೆಗೆ ಹರಿದಿತ್ತು.

"ಏನಮ್ಮ ಬಿದ್ದದ್ದು?" ಒಳಕೋಣೆಯಿಂದ ಅಪ್ಪನ ದನಿ.

"ಏನಿಲ್ಲಪ್ಪ, ಲೋಟ."

ಸುಳ್ಳು ತಾನಾಗಿಯೇ ಬಾಯಿಗೆ ಬಂತು. ರಮ್ ಎಂಬ ಮಾತನ್ನು ಆ ಮನೆಯಲ್ಲಿ ಯಾರೂ ಗಟ್ಟಿಯಾಗಿ ಆಡುತ್ತಿರಲಿಲ್ಲ.

ಒಂದು ಕಾಲಕ್ಕೆ ಅಪ್ಪ ಲಾರಿ ಓಡಿಸುತ್ತಿದ್ದ. ಕುಡಿದೇ ಓಡಿಸುತ್ತಿದ್ದ. ಒಂದು ಸಂಜೆ ಹೆಂಡತಿ ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡೇ ಲಾರಿಯನ್ನು ಹಳ್ಳಕ್ಕೆ ಇಳಿಸಿಬಿಟ್ಟ. ಮಗಳ ಹುಬ್ಬಿನ ಮೇಲಿರುವ ಕಲೆ ಆ ಸಂಜೆಯದು. ಅಮ್ಮ ಅತ್ತು ರಂಪ ಮಾಡಲಿಲ್ಲ, ಕರಾರು ಹಾಕಿದಳು. ವರ್ಷದ ಕೊನೆಯ ರಜೆಯಲ್ಲಿ ನನ್ನ ಕೈಯಾರೆ ರಮ್ ಉಂಡೆ ಮಾಡಿ ಕೊಡುತ್ತೇನೆ, ವರ್ಷಕ್ಕೆಲ್ಲ ನಿಮ್ಮ ಪಾಲು ಅಷ್ಟೇ. ಹೊರಗೆ ಒಂದು ತೊಟ್ಟು ಮುಟ್ಟಿದರೂ ನಾವಿಬ್ಬರೂ ಈ ಮನೆಯಲ್ಲಿ ಇರುವುದಿಲ್ಲ.

ಅಪ್ಪ ಮಾತು ಉಳಿಸಿಕೊಂಡ. ರಜೆ ಬಂತೆಂದರೆ ಎರಡು ಉಂಡೆ ಬಾಯಿಗೆ ಹಾಕಿಕೊಂಡು, ಕಣ್ಣು ಅರೆಮುಚ್ಚಿ, ಏನೋ ಹಾಡು ಗುನುಗುತ್ತ ಕುರ್ಚಿಯಲ್ಲೇ ತೂರಾಡುತ್ತಿದ್ದ. ಅಮ್ಮ ಬಾಗಿಲಿಗೆ ಒರಗಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ಮಗಳಿಗೆ ಮಾತ್ರ ರುಚಿ ನೋಡಲಿಕ್ಕೂ ಒಂದು ಸಿಕ್ಕಿದ್ದಿಲ್ಲ. "ಅದು ನಿಮ್ಮಪ್ಪನ ಪಾಲು. ಮುಟ್ಟಿದ್ರೆ ಕೈ ಮುರೀತೀನಿ."

ಕಳೆದ ತಿಂಗಳು ಅಮ್ಮ ಹೊಲಿಗೆ ಯಂತ್ರದ ಮುಂದೆ ಕೂತಲ್ಲೇ ಒರಗಿದಳು. ಒಂದು ಮಾತು ಹೇಳಿ ಹೋಗಲೂ ಪುರುಸೊತ್ತು ಸಿಗಲಿಲ್ಲ. ಅಂದಿನಿಂದ ಅಪ್ಪನ ಊಟ ತಟ್ಟೆಯಲ್ಲೇ ಆರುತ್ತಿತ್ತು. ನಿನ್ನೆ, ತಲೆ ಎತ್ತದೆ, ಒಂದೇ ಮಾತು ಕೇಳಿದ್ದ: "ಈ ಸಲ ಉಂಡೆ ಇಲ್ವೇನಮ್ಮ?"

ಅವಳಿಗೆ ಅಯ್ಯೋ ಅನಿಸಿತ್ತು. ಹೆದರಿಕೆಯೂ ಆಗಿತ್ತು. ಉಂಡೆ ತಪ್ಪಿದರೆ ಕರಾರು ತಪ್ಪಿದ ಹಾಗೆ. ಅಪ್ಪ ಮತ್ತೆ ಹೆಂಡದಂಗಡಿಯ ದಾರಿ ಹಿಡಿದರೆ ತಡೆಯಲು ಈಗ ಅಮ್ಮ ಇಲ್ಲ.

ಒರೆಸುವ ಬಟ್ಟೆ ಹುಡುಕಿ ತರುವಷ್ಟರಲ್ಲಿ ಚೆಲ್ಲಿದ್ದಕ್ಕೆ ಇರುವೆ ಮುತ್ತಿತ್ತು. ಘಾಟೂ ಇರಲಿಲ್ಲ. ಹಳೆಯ ಸರಕು, ಕಸುವು ಹೋಗಿರಬೇಕು ಎಂದುಕೊಂಡಳು. ಒರೆಸಿ ಎದ್ದು ನೋಡಿದರೆ, ಒಲೆಯ ಮೇಲೆ ಅಮ್ಮನ ಕೆಟಲ್ ಕೂತಿತ್ತು. ಬೆಳಿಗ್ಗೆ ತಾನೇ ಅದನ್ನು ಎತ್ತಿ ಅಟ್ಟಕ್ಕೆ ಹಾಕಿದ್ದಳು.

ಒಲೆಯೇ ಬೇಡದ ತಿಂಡಿ ಇದು. ಆದರೂ ಅಮ್ಮ ಪ್ರತಿ ವರ್ಷ ಅಡುಗೆಮನೆಯ ಬಾಗಿಲು ಹಾಕಿಕೊಂಡು, ಮೊದಲು ಒಲೆ ಹಚ್ಚಿ ಕೆಟಲ್ ಇಡುತ್ತಿದ್ದಳು. ಚಹಾ ಹೊಟ್ಟೆಗೆ ಬೀಳದೆ ಕೈ ಓಡುವುದಿಲ್ಲ ಎನ್ನುತ್ತಿದ್ದಳು.

"ಸತ್ತ ಮೇಲೂ ಚಹಾದ ಚಟ ಬಿಡ್ಲಿಲ್ವಾ, ಅಮ್ಮ?" ನಗಲು ನೋಡಿದಳು. ಕೆಟಲನ್ನು ಮತ್ತೆ ಅಟ್ಟಕ್ಕೇರಿಸಿ, ಲೇಬಲ್ ಅಂಟಿದ್ದ ಚೂರನ್ನು ಕಾಗದದಲ್ಲಿ ಸುತ್ತಿಕೊಂಡು ಹೊರಟಳು.

ಬೀದಿ ಕೊನೆಯ ಮದ್ಯದಂಗಡಿಯವನು ಕನ್ನಡಕ ಏರಿಸಿ ನೋಡಿದ. "ಈ ಲೇಬಲ್ ಬರೋದು ನಿಂತು ಯಾವ ಕಾಲ ಆಯ್ತಮ್ಮ! ಇನ್ನೂ ಖರ್ಚಾಗದೆ ಇತ್ತಾ ನಿಮ್ಮನೇಲಿ?"

"ನಮ್ಮಮ್ಮ ಪ್ರತಿ ವರ್ಷ ತರ್ತಿದ್ರಲ್ಲ."

"ಇಲ್ಲಿಗಂತೂ ಒಂದು ಸಲಾನೂ ಬಂದೋರಲ್ಲ."

ನಾಲ್ಕು ಜನ ನೋಡಿಯಾರೆಂದು ಬೇರೆ ಬೀದಿಯಲ್ಲಿ ಕೊಳ್ಳುತ್ತಿದ್ದಿರಬೇಕು. ಮಗಳು ಇದ್ದುದರಲ್ಲೇ ಒಳ್ಳೆಯದನ್ನು ಕೇಳಿ ತಂದಳು.

ಮರಳಿ ಬಂದಾಗ ಕೆಟಲ್ ಒಲೆಯ ಮೇಲಿತ್ತು. ಬೆಂಕಿ ಇಲ್ಲದಿದ್ದರೂ ಮುಚ್ಚಳ ಕಟಕಟ ಎನ್ನುತ್ತಿತ್ತು. ಅಮ್ಮನ ಮಂಡಿನೋವಿನ ಮುಲಾಮಿನ ವಾಸನೆ ಅಡುಗೆಮನೆ ತುಂಬ. ಹೊಸ ಬಾಟಲಿಯ ಬಿರಡೆಗೆ ಕೈ ಹಾಕಿದರೆ, ಯಾರೋ ಮೇಲಿನಿಂದ ಅದುಮಿ ಹಿಡಿದ ಹಾಗೆ, ಜಪ್ಪಯ್ಯ ಅಂದರೂ ತಿರುಗಲಿಲ್ಲ.

ಅವಳಿಗೆ ಹೆದರಿಕೆಯ ಜೊತೆಗೆ ಸಿಟ್ಟೂ ಬಂತು. "ನಿನ್ನ ಅಡುಗೆಮನೆ ಇನ್ನೊಬ್ಬರ ಕೈಗೆ ಹೋಯ್ತು ಅಂತ ಉರಿ ಅಲ್ವಾ? ನಾನು ಮಾಡ್ತಿರೋದು ಅಪ್ಪನಿಗೋಸ್ಕರ. ಸುಮ್ನಿರಮ್ಮ ಸ್ವಲ್ಪ!"

ಕಟಕಟ ನಿಂತಿತು. ಬಿರಡೆ ಸಡಿಲವಾಯಿತು. ಗೆದ್ದೆ ಅನಿಸಲಿಲ್ಲ ಅವಳಿಗೆ. ಸೆರಗಿನಿಂದ ಕಣ್ಣೊರೆಸಿಕೊಂಡು ಕೆಲಸಕ್ಕೆ ಕೂತಳು.

ಬಿಸ್ಕತ್ತಿನ ಪುಡಿ, ಕೋಕೋ, ಪುಡಿ ಸಕ್ಕರೆ, ಹೆಚ್ಚಿದ ಅಕ್ರೋಟು, ಡಬ್ಬದ ಗಟ್ಟಿ ಹಾಲು. ಮೇಲೆ ರಮ್. ಅಪ್ಪನ ಮುಖ ಅರಳಲಿ ಎಂದು ಕೈ ಬಿಚ್ಚಿಯೇ ಸುರಿದಳು. ಘಾಟು ಮೂಗಿಗೆ ಅಡರಿತು. ಕಲಸಿ, ಅಂಗೈಯಲ್ಲಿ ಉರುಟಿ, ಕೋಕೋ ಪುಡಿಯಲ್ಲಿ ಹೊರಳಿಸಿ ಫ್ರಿಜ್ಜಿನಲ್ಲಿಟ್ಟಳು.

ಸಂಜೆ ಅಪ್ಪ ಮೇಜಿಗೆ ಬಂದು ಕೂತ. ಎಷ್ಟೋ ದಿನದ ಮೇಲೆ ಕರೆಯದೆ ತಾನಾಗಿ ಬಂದಿದ್ದ. ಒಂದು ಉಂಡೆ ಬಾಯಿಗಿಟ್ಟ. ಅಗಿಯುವುದು ನಿಂತಿತು. ಮತ್ತೆ ನಿಧಾನವಾಗಿ ಅಗಿದ. ಎರಡನೆಯದು ತೆಗೆದುಕೊಂಡ. ಹಾಡಲಿಲ್ಲ, ತೂರಾಡಲಿಲ್ಲ. ಎಡಗೈ ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದಿತ್ತು.

ಅಡುಗೆಮನೆಯಲ್ಲಿ ಕೆಟಲ್ ಧಡಾರನೆ ನೆಲಕ್ಕೆ ಬಿತ್ತು.

"ಹೇಗಿದೆಯಪ್ಪ? ಅಮ್ಮ ಮಾಡಿದ ಹಾಗೇ ಇದೆಯಾ?"

ಅಪ್ಪ ಸದ್ದು ಬಂದ ಕಡೆಗೆ ತಿರುಗಿ ನೋಡಿದ.

"ನಿಮ್ಮಮ್ಮ ಒಂದು ವರ್ಷಾನೂ ಇದಕ್ಕೆ ರಮ್ ಹಾಕಿದವಳಲ್ಲ ಕಣಮ್ಮ. ಸಕ್ಕರೆ ಪಾಕ ಬೆರೆಸಿದ ಕಪ್ಪು ಚಹಾ ಆ ಹಳೇ ಬಾಟಲಿಗೆ ತುಂಬಿಸಿಡ್ತಿದ್ಲು. ನನಗೆ ಗೊತ್ತಿತ್ತು. ಅವಳು ನಗಲಿ ಅಂತ ತೂರಾಡ್ತಿದ್ದೆ, ಅಷ್ಟೆ."

ತುಟಿಯನ್ನು ಮುಂಗೈಯಿಂದ ಒರೆಸಿಕೊಂಡು ಎದ್ದು ನಿಂತ. ಆಮೇಲೆ ಬಂದ ದನಿಯ ಗುರುತು ಅವಳಿಗೆ ಸಿಕ್ಕಿತು. ಲಾರಿ ಹಳ್ಳಕ್ಕಿಳಿದ ಸಂಜೆಯ ದನಿ.

"ಬಾಟಲೀಲಿ ಉಳಿದದ್ದು ಎಲ್ಲಿಟ್ಟಿದ್ದೀಯ?"