ಉಮ್ಮನ ಕೈಗುಣ

"ಇದು ನಮ್ಮ ಉಮ್ಮ ಊರಿಂದ ಕಳಿಸಿದ್ದು," ಎಂದು ಸಿರಾಜುದ್ದೀನ್ ಹಸಿಮೆಣಸಿನ ಉಪ್ಪಿನಕಾಯಿಯ ಬಾಟಲಿಯನ್ನು ಅತಿಥಿಗಳ ಕಡೆ ಸರಿಸಿದಾಗ, ಅವನ ಹೆಂಡತಿ ಮಿಸ್ರಿಯಾ ತುಪ್ಪದನ್ನದ ಪಾತ್ರೆ ಹಿಡಿದು ಅಲ್ಲೇ ನಿಂತಿದ್ದಳು. ಹಿಂದಿನ ದಿನವಷ್ಟೇ ಅವಳು ಮೆಣಸನ್ನು ಬಿಲ್ಲೆಗಳಾಗಿ ಹೆಚ್ಚಿ, ಉಪ್ಪು ಸಕ್ಕರೆ ಹಾಕಿ ಕುದಿಸಿದ ವಿನೆಗರ್ ಸುರಿದು, ಆರಿದ ಮೇಲೆ ಫ್ರಿಜ್ಜಿನಲ್ಲಿಟ್ಟಿದ್ದಳು. ಅವಳ ಬೆರಳುಗಳ ಉರಿ ಆಗಲೂ ಇಳಿದಿರಲಿಲ್ಲವೆಂಬ ಮಾತನ್ನು, ಅವರಿದ್ದ ಕೊಲ್ಲಿ ನಾಡಿನ ರಿಗ್ಗೈ ಬಡಾವಣೆಯಲ್ಲಿ ಈ ಕಥೆ ಹೇಳುವ ಯಾವ ಹೆಂಗಸೂ ಬಿಡುವುದಿಲ್ಲ.

ಸಿರಾಜುದ್ದೀನನ ಆಫೀಸಿನ ಕೊನ್ರಾಡ್ ಉಪ್ಪಿನಕಾಯಿಯನ್ನು ಮತ್ತೊಮ್ಮೆ ಬಡಿಸಿಕೊಂಡರು. ಅವರ ಪತ್ನಿ ಕಾರ್ಮೆಲ್, "ಇಷ್ಟು ಗರಿಗರಿ ಹೇಗೆ ಉಳೀತದೆ? ಮಿಸ್ರಿಯಾ, ನಿಮಗೆ ಗೊತ್ತುಂಟಾ?" ಎಂದು ಕೇಳಿದರು. ಉತ್ತರ ಕೊಟ್ಟವನು ಸಿರಾಜುದ್ದೀನ್. "ಅವಳಿಗೆಲ್ಲಿ ಗೊತ್ತು? ಅದೆಲ್ಲ ಉಮ್ಮನ ಕೈಗುಣ. ಇವಳು ಚಾ ಸರಿ ಮಾಡಿದರೆ ಅದೇ ದೊಡ್ಡದು."

ಮಿಸ್ರಿಯಾ ಪಾತ್ರೆಯನ್ನು ಕೆಳಗಿಟ್ಟಳು. ಅಡುಗೆಮನೆಯಿಂದ ಉಳಿದ ಮೆಣಸು, ಹಲಗೆ, ಚೂರಿಗಳನ್ನು ತಂದು, ಗಂಡನ ತಟ್ಟೆಯನ್ನು ಪಕ್ಕಕ್ಕೆ ಸರಿಸಿ ಅವನ ಮುಂದಿಟ್ಟಳು. "ಉಮ್ಮನ ಕೈಗುಣ ಸೊಸೆಗೆ ಎಲ್ಲಿಂದ ಬರ್ತದೆ? ಮಗನಿಗೆ ಬಂದಿರ್ತದೆ. ಕಾರ್ಮೆಲಕ್ಕನಿಗೆ ಒಂದು ಬಾಟಲಿ ಮಾಡಿ ಕೊಡಿ."

"ಅದೆಲ್ಲ ಆಮೇಲೆ," ಎಂದು ಅವನು ನಗಲು ನೋಡಿದ. ಜೊತೆಗೆ ಯಾರೂ ನಗಲಿಲ್ಲ.

"ಈಗಲೇ ಮಾಡಿ. ಅವರೂ ನೋಡಲಿ," ಎಂದ ಮಿಸ್ರಿಯಾ ಕದಲದೆ ನಿಂತಳು. ಸಿರಾಜುದ್ದೀನ್ ಚೂರಿ ಎತ್ತಿಕೊಂಡು ಒಂದು ಮೆಣಸನ್ನು ಅಡ್ಡಾದಿಡ್ಡಿ ಕೊಯ್ದ. ಕಾರ್ಮೆಲ್ ಅದನ್ನು ನೋಡಿದರು. ಕುರ್ಚಿಯನ್ನು ಮಿಸ್ರಿಯಾಳ ಕಡೆಗೆ ತಿರುಗಿಸಿಕೊಂಡು ಕೇಳಿದರು:

"ಬೀಜ ತೆಗೀಬೇಕಾ, ಮಿಸ್ರಿಯಾ?"