ಓಟ್ಸಿನ ಹೊದಿಕೆ

ಮದುವೆಯಾಗಿ ಆರು ತಿಂಗಳಾದರೂ ಓವನ್ನಿನಿಂದ ಹೊರಬಂದ ಯಾವುದನ್ನೂ ಅತ್ತೆ ಬಾಯಿಗಿಟ್ಟಿರಲಿಲ್ಲ. ಇವತ್ತಾದರೂ ಒಂದು ಚಮಚ ತಿನ್ನಿಸಿಯೇ ತೀರುತ್ತೇನೆಂದು ಶಾಲ್ಮಲಿ ಹಟ ತೊಟ್ಟಿದ್ದಳು. ಪಿಂಗಾಣಿ ಬೋಗುಣಿಯ ತುಂಬ ಹಣ್ಣು ಹೆಚ್ಚಿ ಹಾಕಿ, ಮೇಲೆ ಓಟ್ಸಿನ ಪುಡಿಪುಡಿ ಹೊದಿಕೆ ಹರಡಿ ಬೇಯಿಸಿದಳು. ಮನೆಯೆಲ್ಲ ಘಮಘಮಿಸಿತು.

ಜಪಮಾಲೆ ಹಿಡಿದೇ ಅತ್ತೆ ಅಡುಗೆಮನೆಗೆ ಬಂದರು. "ಏನೇ ಅದು?"

"ಕೆಳಗೆ ಸೇಬು, ಅನಾನಸ್ಸು, ಅತ್ತೆ. ಮೇಲೆ ಓಟ್ಸು, ಬೆಣ್ಣೆ, ಬೆಲ್ಲ. ಮೊಟ್ಟೆ ಹಾಕಿಲ್ಲ, ನಿಮ್ಮಾಣೆ."

"ಓಟ್ಸು ಅಂದ್ರೆ ಧಾನ್ಯ ತಾನೆ? ಇವತ್ತು ಏಕಾದಶಿ. ನಾನು ಧಾನ್ಯ ಮುಟ್ಟೋ ಹಾಗಿಲ್ಲ."

ಶಾಲ್ಮಲಿಯ ಮುಖ ಸಪ್ಪಗಾಯಿತು. ಉಪವಾಸದ ಗೊಡವೆಯೇ ಇಲ್ಲದ ಮಾವ ಮಾತ್ರ ಹಿಗ್ಗಿದರು. "ಬಿಡಮ್ಮ, ನಮ್ಮಿಬ್ಬರಿಗೇ ಆಯ್ತು!"

ಬೋಗುಣಿಗೆ ತಟ್ಟೆ ಮುಚ್ಚಿ ಅವಳು ಬಟ್ಟೆ ಒಣಹಾಕಲು ತಾರಸಿಗೆ ಹೋದಳು.

ಊಟಕ್ಕೆ ಕೂತಾಗ ಮಾವ ಬೋಗುಣಿಯ ಮೇಲಿನ ತಟ್ಟೆ ಸರಿಸಿ, ಆಸೆಯಿಂದ ಚಮಚವನ್ನು ಆಳಕ್ಕೆ ಇಳಿಸಿದರು. ಅದು ತಳಕ್ಕೆ ಟಣ್ಣನೆ ಬಡಿಯಿತು. ಅವರು ಆ ಮೂಲೆ ಈ ಮೂಲೆ ಕೆದಕಿ ನೋಡಿದರು.

"ಇದೇನಮ್ಮ, ಬರೀ ಪುಡಿ! ಹಣ್ಣೆಲ್ಲಿ?"

ಇಬ್ಬರೂ ದೇವರಮನೆಯ ಕಡೆ ನೋಡಿದರು. ಒಳಗೆ ಜಪದ ಗುನುಗು ನಿಂತಿತು.

"ಏಕಾದಶಿಗೆ ಹಣ್ಣು ನಡೆಯುತ್ತೆ ಕಣ್ರೀ," ಅತ್ತೆಯ ದನಿ ಬಂತು. "ಆ ಪುಡಿಗೆ ಯಾರಾದ್ರೂ ಕೈ ಹಾಕಿದ್ರೆ ನೋಡಿ, ಅದು ನಾಳೆ ದ್ವಾದಶಿ ಪಾರಣೆಗೆ ನಂಗೆ ಬೇಕು!"